ಸಂಘದ ಚುನಾವಣೆ, ಅನರ್ಹರ ಪಟ್ಟಿ: ಭಾನುವಾರದ ಸಭೆಗೆ ಮೊದಲು ಎಲ್ಲರೂ ಓದಿ

ನಿವೇಶನ 212 (ಸಂಚಾಲಕರು)
ಎಲ್ಲರಿಗೂ ನಮಸ್ಕಾರ. ನಮ್ಮ ಗೃಹ ನಿರ್ಮಾಣ ಸಹಕಾರ ಸಂಘಕ್ಕೆ ಚುನಾಯಿತ ಮಂಡಳಿಯ ಬದಲು ಆಡಳಿತಾಧಿಕಾರಿ ಬಂದಿದ್ದಾರೆ, ಚುನಾವಣೆಯ ಸುದ್ದಿ ಮಾತ್ರ ಇಲ್ಲ. ನಿನ್ನೆ ಕಚೇರಿ ಬಾಗಿಲಿಗೆ ಅನರ್ಹ ಮತದಾರರ ಕರಡು ಪಟ್ಟಿ ಅಂಟಿಸಿದ್ದಾರೆ. 3 ಮತ್ತು 4ನೇ ಕ್ರಾಸಿನ ಬಹುಪಾಲು ಹೆಸರು ಅದರಲ್ಲೇ ಇದೆ. ಪಾರ್ಕ್ ಪಕ್ಕದ ಸಿ.ಎ. (ನಾಗರಿಕ ಸೌಲಭ್ಯಕ್ಕೆ ಮೀಸಲಾದ) ಜಾಗದ ಕಡತವೂ ಇನ್ನೂ ಸಂಘದಲ್ಲೇ ಇದೆ. ಯಾವ ಕಾಗದ ಯಾರಿಗೆ ಬರೆಯಬೇಕು, ಇಲ್ಲೇ ತೀರ್ಮಾನ ಮಾಡೋಣ.

ನಿವೇಶನ 38
ಮೊದಲು ಬೇಕಾದ್ದು ಆಡಳಿತಾಧಿಕಾರಿ ನೇಮಕದ ಆದೇಶದ ಪ್ರತಿ. ಯಾವ ಸೆಕ್ಷನ್ ಅಡಿ, ಎಷ್ಟು ಅವಧಿಗೆ ಅಂತ ನೋಡಿ. ಕರ್ನಾಟಕ ಸಹಕಾರ ಸಂಘಗಳ ಕಾಯ್ದೆ, 1959ರ ಸೆಕ್ಷನ್ 30 ಅಂತಿದ್ದರೆ ಆಡಳಿತ ಮಂಡಳಿಯನ್ನು ತಪ್ಪಿಗಾಗಿ ಇಳಿಸಿದ್ದಾರೆ ಎಂದರ್ಥ, ಆಗ ಮಂಡಳಿಗೆ ಮೊದಲು ನೋಟಿಸ್ ಕೊಟ್ಟು ವಿವರಣೆ ಕೇಳಿರಬೇಕು. ಮಂಡಳಿಯ ಅವಧಿ ಮುಗಿದರೂ ಚುನಾವಣೆ ಆಗಿರಲಿಲ್ಲ ಅಂತ ಬಂದವರಾದರೆ ತಪ್ಪು-ಸರಿಯ ಪ್ರಶ್ನೆಯೇ ಇಲ್ಲ, ಚುನಾವಣೆ ಮಾಡಿಸಿ ಹೊಸ ಮಂಡಳಿಗೆ ಬೀಗದ ಕೈ ಕೊಡುವುದೇ ಅವರ ಮುಖ್ಯ ಕೆಲಸ. ಎರಡಕ್ಕೂ ನಾವು ಬರೆಯುವ ಅರ್ಜಿ ಬೇರೆ. ಇದು ಗೊತ್ತಾಗದೆ ಬರೆದರೆ ‘ಪರಿಶೀಲಿಸಲಾಗುವುದು’ ಅಂತ ಒಂದು ಸಾಲು ಬರುತ್ತೆ, ಅಷ್ಟೇ.

ನಿವೇಶನ 91
ಆಡಳಿತಾಧಿಕಾರಿ ಆರು ತಿಂಗಳಿಗಿಂತ ಹೆಚ್ಚು ಇರುವ ಹಾಗಿಲ್ಲ ಅಂತ ಸಂವಿಧಾನದಲ್ಲೇ ಇದೆಯಲ್ಲ ಸಾರ್, 97ನೇ ತಿದ್ದುಪಡಿ? ಅದನ್ನೇ ಹಾಕಿದರೆ?

ನಿವೇಶನ 38
ಬೇಡ ಮೇಡಂ. ಆ ತಿದ್ದುಪಡಿ 2012ರ ಫೆಬ್ರುವರಿ 15ಕ್ಕೆ ಜಾರಿಗೆ ಬಂತು, ನಿಜ. ಆದರೆ ಅರ್ಧದಷ್ಟು ರಾಜ್ಯಗಳ ವಿಧಾನಸಭೆಗಳ ಒಪ್ಪಿಗೆ ಪಡೆದಿರಲಿಲ್ಲ. 2021ರ ಜುಲೈ 20ರಂದು ಸುಪ್ರೀಂ ಕೋರ್ಟ್ ಅದು ಸೇರಿಸಿದ 9ಬಿ ಭಾಗವನ್ನು (ಸಹಕಾರ ಸಂಘಗಳ ನಿಯಮಗಳಿರುವ ಭಾಗ) ಬಹುರಾಜ್ಯ ಸಹಕಾರ ಸಂಘಗಳಿಗೆ ಮಾತ್ರ ಉಳಿಸಿತು. ನಮ್ಮಂಥ ರಾಜ್ಯದೊಳಗಿನ ಸಂಘಕ್ಕೆ ಅದು ಇಲ್ಲ. ಸಂಘ ಕಟ್ಟುವ ಹಕ್ಕು 19(1)(ಸಿ)ಯಲ್ಲಿ ಹಾಗೇ ಇದೆ, ಆದರೆ ಆಡಳಿತಾಧಿಕಾರಿ ಎಷ್ಟು ದಿನ ಇರಬೇಕು ಎಂಬುದಕ್ಕೆ ನಮ್ಮ 1959ರ ಕಾಯ್ದೆಯ ಸೆಕ್ಷನ್ ಮತ್ತು ಆದೇಶದಲ್ಲಿ ಬರೆದ ದಿನಾಂಕವೇ ಆಧಾರ. ನೀವು ಹೇಳಿದ ಆರು ತಿಂಗಳ ಮಿತಿಯ ವಿಧಿ, 243ಝಡ್‌ಎಲ್, ಅಂತ ಬರೆದರೆ ಎದುರಿನವರಿಗೆ ನಾವೇ ಉತ್ತರ ಬರೆದುಕೊಟ್ಟಂತೆ.

ನಿವೇಶನ 140
ಪಟ್ಟಿಯ ವಿಚಾರ ತುರ್ತು, ಆಕ್ಷೇಪಣೆಗೆ ಕೊಟ್ಟಿರುವ ದಿನಗಳು ಕಡಿಮೆ. ಅಂಟಿಸಿದ ಪಟ್ಟಿಯಲ್ಲಿ ಕಾರಣದ ಕಾಲಂ ನೋಡಿ. ಕೆಲವರ ಎದುರು ‘ಬಾಕಿ’, ಹೆಚ್ಚಿನವರ ಎದುರು ‘ಮಹಾಸಭೆ ಗೈರು’ ಅಂತಿದೆ.

ಬಾಕಿ ಅಂತ ಇದ್ದವರು ರಸೀದಿಯ ಜೆರಾಕ್ಸ್ ಲಗತ್ತಿಸಿ. ರಸೀದಿ ಇಲ್ಲದಿದ್ದರೆ ಬ್ಯಾಂಕ್ ಪಾಸ್‌ಬುಕ್ ಪುಟ ಸಾಕು, ಆ ನಮೂದಿಗೆ ಪೆನ್ಸಿಲ್ ಗುರುತು ಹಾಕಿ. ಗೈರು ಅಂತ ಇದ್ದವರು ಎರಡು ಕೇಳಬೇಕು: ಆ ವರ್ಷಗಳ ಮಹಾಸಭೆ ಹಾಜರಿ ಪುಸ್ತಕದ ಪ್ರತಿ, ಮತ್ತು ಸಭೆ ನೋಟಿಸ್ ತಮಗೆ ಕಳಿಸಿದ್ದಕ್ಕೆ ಟಪಾಲು ರವಾನೆಯ ದಾಖಲೆ. ನೋಟಿಸೇ ಕಳಿಸದೆ ‘ಬರಲಿಲ್ಲ’ ಅಂದರೆ ಅದು ಸದಸ್ಯರ ತಪ್ಪು ಹೇಗಾಗುತ್ತೆ? ಇದೇ ನಮ್ಮ ಬಲವಾದ ವಾದ.

ಅರವತ್ತು ಜನ ಸಹಿ ಹಾಕಿದ ಒಂದೇ ಮನವಿ ದಯವಿಟ್ಟು ಬೇಡ. ಒಬ್ಬೊಬ್ಬರ ಕಾರಣ ಒಂದೊಂದು. ಪ್ರತಿಯೊಬ್ಬರೂ ತಮ್ಮ ಸದಸ್ಯತ್ವ ಸಂಖ್ಯೆ, ಪಟ್ಟಿಯ ಕ್ರಮಸಂಖ್ಯೆ ಬರೆದು ಬೇರೆ ಬೇರೆ ಆಕ್ಷೇಪಣೆ ಕೊಟ್ಟು, ಎರಡನೇ ಪ್ರತಿಯ ಮೇಲೆ ದಿನಾಂಕದ ಸ್ವೀಕೃತಿ ಮುದ್ರೆ ಹಾಕಿಸಿಕೊಳ್ಳಿ. ಮುದ್ರೆ ಹಾಕಲ್ಲ ಅಂದರೆ ಅವತ್ತೇ ಸ್ಪೀಡ್ ಪೋಸ್ಟ್. ಮುಂದೆ ಹೈಕೋರ್ಟಿಗೆ ಹೋಗುವ ಪರಿಸ್ಥಿತಿ ಬಂದರೆ ಮತ ಹಾಕಲು ಮಧ್ಯಂತರ ಆದೇಶ ಸಿಗುವುದು ಸಾಮಾನ್ಯವಾಗಿ ಅರ್ಜಿಯಲ್ಲಿ ಹೆಸರಿದ್ದವರಿಗೆ ಮಾತ್ರ.

ನಿವೇಶನ 17
ದಾಖಲೆ ಕೊಡಲ್ಲ ಅಂದ್ರೆ ಸಂಘಕ್ಕೇ ಆರ್‌ಟಿಐ (ಮಾಹಿತಿ ಹಕ್ಕು) ಅರ್ಜಿ ಹಾಕಬಹುದಲ್ವಾ?

ನಿವೇಶನ 66
ಸಂಘಕ್ಕೆ ನೇರವಾಗಿ ಹಾಕಿದರೆ ವಾಪಸ್ ಬರುತ್ತೆ. ಕೇರಳದ ಸಹಕಾರಿ ಬ್ಯಾಂಕೊಂದರ ಪ್ರಕರಣದಲ್ಲಿ 2013ರ ಅಕ್ಟೋಬರ್ 7ರಂದು ಸುಪ್ರೀಂ ಕೋರ್ಟ್, ಸರ್ಕಾರದ ಗಣನೀಯ ಹಣ ಅಥವಾ ಹಿಡಿತ ಇಲ್ಲದ ಸಹಕಾರ ಸಂಘ ‘ಸಾರ್ವಜನಿಕ ಪ್ರಾಧಿಕಾರ’ (ಆರ್‌ಟಿಐಗೆ ಉತ್ತರ ಕೊಡಬೇಕಾದ ಸಂಸ್ಥೆ) ಅಲ್ಲ ಅಂತ ಹೇಳಿದೆ. ಆದರೆ ಅದೇ ತೀರ್ಪಿನಲ್ಲಿ ಸಹಕಾರ ಸಂಘಗಳ ನಿಬಂಧಕರು (ರಿಜಿಸ್ಟ್ರಾರ್) ಪ್ರಾಧಿಕಾರವೇ ಅಂತಲೂ ಇದೆ. ಕಾಯ್ದೆಯ ಪ್ರಕಾರ ಅವರು ಸಂಘದಿಂದ ತರಿಸಿಕೊಳ್ಳಬಹುದಾದ ಮಾಹಿತಿಯನ್ನು ನಾವು ಅವರ ಮೂಲಕ ಕೇಳಬಹುದು.

ಹಾಗಾಗಿ ಅರ್ಜಿ ಹೋಗಬೇಕಾದ್ದು ಸಹಕಾರ ಸಂಘಗಳ ಉಪನಿಬಂಧಕರ ಕಚೇರಿಯ ಮಾಹಿತಿ ಅಧಿಕಾರಿಗೆ. 10 ರೂಪಾಯಿಯ ಪೋಸ್ಟಲ್ ಆರ್ಡರ್ ಲಗತ್ತಿಸಿ, ಉತ್ತರಕ್ಕೆ 30 ದಿನ. ನಮ್ಮ ರಾಜ್ಯದ ನಿಯಮದಲ್ಲಿ ಒಂದು ಅರ್ಜಿಗೆ ಒಂದೇ ವಿಷಯ, 150 ಪದ ಮೀರಬಾರದು. ಬಹಳ ಅರ್ಜಿಗಳು ತಿರಸ್ಕಾರ ಆಗುವುದು ಇಲ್ಲೇ. ನೇಮಕದ ಆದೇಶಕ್ಕೆ ಒಂದು, ಹಿಂದಿನ ಐದು ವರ್ಷದ ಲೆಕ್ಕಪರಿಶೋಧನಾ ವರದಿಗೆ ಒಂದು, ಮಹಾಸಭೆ ನಡಾವಳಿಗೆ ಇನ್ನೊಂದು. ಒಕ್ಕಣೆ ಹೀಗಿರಲಿ: ‘ದಿನಾಂಕ ಇಂಥದ್ದರಿಂದ ಇಂಥದ್ದರವರೆಗಿನ ಮಹಾಸಭೆಗಳ ನಡಾವಳಿ ಹಾಗೂ ಹಾಜರಿ ಪುಟಗಳ ದೃಢೀಕೃತ ಪ್ರತಿ ಒದಗಿಸಿ.’ ‘ಏಕೆ’, ‘ಹೇಗೆ’ ಅಂತ ಪ್ರಶ್ನೆ ಹಾಕಬೇಡಿ, ದಾಖಲೆಯ ಹೆಸರನ್ನೇ ಬರೆಯಿರಿ.

ನಿವೇಶನ 5
ಹಳೇ ಮಂಡಳಿಯ ಲೆಕ್ಕದ ಗೋಲ್‌ಮಾಲ್‌ಗೆ ಏನು?

ನಿವೇಶನ 38
ಸೆಕ್ಷನ್ 64ರ ವಿಚಾರಣೆ. ನಿಬಂಧಕರು ಸ್ವಂತವಾಗಿ ಮಾಡಬಹುದು, ಒಟ್ಟು ಸದಸ್ಯರಲ್ಲಿ ಮೂರನೇ ಒಂದು ಭಾಗ ಜನ ಲಿಖಿತವಾಗಿ ಕೇಳಿದರೆ ಮಾಡಲೇಬೇಕು. ನಷ್ಟ ಸಾಬೀತಾದರೆ ಸೆಕ್ಷನ್ 69ರಲ್ಲಿ ಹೊಣೆಗಾರರಿಂದ ವಸೂಲಿ. ಸದಸ್ಯ ಮತ್ತು ಸಂಘದ ನಡುವಿನ ತಕರಾರು, ಚುನಾವಣೆ ವ್ಯಾಜ್ಯ ಇವೆಲ್ಲ ಸೆಕ್ಷನ್ 70. ಲೆಕ್ಕದ ವಿಚಾರಣೆ, ಸೆಕ್ಷನ್ 70ರ ತಕರಾರು ಎರಡನ್ನೂ ಒಂದೇ ಅರ್ಜಿಯಲ್ಲಿ ಬೆರೆಸಬೇಡಿ. ಸಹಿ ಸಂಗ್ರಹಿಸುವಾಗ ಗಮನಿಸಿ: ಷೇರು ಯಾರ ಹೆಸರಲ್ಲಿದೆಯೋ ಅವರೇ ಸಹಿ ಹಾಕಬೇಕು. ಗಂಡನ ಷೇರಿಗೆ ಹೆಂಡತಿ, ಅಪ್ಪನ ಷೇರಿಗೆ ಮಗ ಹಾಕಿದ್ದು ಎಣಿಕೆಗೆ ಬರಲ್ಲ. ನಿವೇಶನ ಕೊಂಡವರು ಷೇರು ವರ್ಗಾವಣೆ ಮಾಡಿಸಿರದಿದ್ದರೆ ಅವರೂ ಸದಸ್ಯರಲ್ಲ.

ನಿವೇಶನ 140
ಅದರ ಜೊತೆಗೇ: ಮತವನ್ನೂ ಖುದ್ದಾಗಿ ಬಂದೇ ಹಾಕಬೇಕು, ಬದಲಿಗೆ ಬೇರೆಯವರನ್ನು ಕಳಿಸುವ ಹಾಗಿಲ್ಲ. ಎಷ್ಟೇ ಷೇರಿದ್ದರೂ ಒಬ್ಬರಿಗೆ ಒಂದೇ ಮತ.

ನಿವೇಶನ 91
ಪತ್ರಗಳಿಗೆ ನಮ್ಮ ಕ್ಷೇಮಾಭಿವೃದ್ಧಿ ಸಂಘದ ಲೆಟರ್‌ಹೆಡ್ ಬಳಸಲಾ?

ನಿವೇಶನ 66
ಬಳಸಬೇಡಿ ಮೇಡಂ. ಅದು 1960ರ ಸಂಘಗಳ ನೋಂದಣಿ ಕಾಯ್ದೆಯಲ್ಲಿ ನೋಂದಣಿ ಆಗಿರುವುದು, ಗೃಹ ನಿರ್ಮಾಣ ಸಂಘದಲ್ಲಿ ಅದಕ್ಕೆ ಸದಸ್ಯತ್ವ ಇಲ್ಲ. ‘ಅರ್ಜಿದಾರರು ಸದಸ್ಯರಲ್ಲ’ ಅಂತ ಹಿಂಬರಹ ಹಾಕಿ ಮುಗಿಸುತ್ತಾರೆ. ಸಿ.ಎ. ಜಾಗದ ಪತ್ರಕ್ಕೆ ಮಾತ್ರ ಬಳಸಿ, ಅದು ಹೋಗುವುದು ಯೋಜನಾ ಪ್ರಾಧಿಕಾರಕ್ಕೆ. ಅನುಮೋದಿತ ಬಡಾವಣೆ ನಕ್ಷೆಯ ಪ್ರತಿಯನ್ನೂ ಅಲ್ಲಿಂದಲೇ ತರಿಸಿ, ಸಂಘದಲ್ಲಿರುವ ನಕ್ಷೆ ನಂಬಿ ಕೂರಬೇಡಿ.

ನಿವೇಶನ 212 (ಸಂಚಾಲಕರು)
ಸರಿ. ಆರ್‌ಟಿಐ ಮೂರೂ 66 ಸಾರ್ ಬರೆಯುತ್ತಾರೆ, ನಕ್ಷೆಯ ಕೆಲಸ 91 ಮೇಡಂ. ಆಕ್ಷೇಪಣೆ ನಮೂನೆ 140 ಸಾರ್ ಇವತ್ತು ರಾತ್ರಿ ಇಲ್ಲೇ ಹಾಕುತ್ತಾರೆ. ಭಾನುವಾರ ಬೆಳಿಗ್ಗೆ 10ಕ್ಕೆ ಪಾರ್ಕಿನಲ್ಲಿ ಸಿಗೋಣ, ಷೇರು ಪ್ರಮಾಣಪತ್ರ ಮತ್ತು ರಸೀದಿಗಳ ತಲಾ ಎರಡು ಜೆರಾಕ್ಸ್ ತನ್ನಿ. ಈಗಲೇ ಯಾರಾದರೂ ಕಚೇರಿ ಹತ್ತಿರ ಇದ್ದರೆ ಪಟ್ಟಿಯ ಪ್ರತಿ ಪುಟದ ಫೋಟೋ ತೆಗೆದು ಕಳಿಸಿ, ಕೆಳಗಿನ ಸಹಿ ಮತ್ತು ದಿನಾಂಕ ಬೀಳುವ ಹಾಗೆ.

ನಿವೇಶನ 17
ಹೊರಟೆ. ಐದು ಪುಟ ಇದೆ, ಹತ್ತು ನಿಮಿಷದಲ್ಲಿ ಹಾಕ್ತೀನಿ.