ಮೂಕಿ ಚಿತ್ರದಲ್ಲಿ ಕುದುರೆಗಳು ಯಾಕೆ ಹಾಗೆ ಓಡುತ್ತವೆ?

ದುರ್ಗದ ಮೇಷ್ಟ್ರು:
ನಾನು ಚಿತ್ರದುರ್ಗದಲ್ಲಿ ಹೈಸ್ಕೂಲ್ ಮೇಷ್ಟ್ರು. ಶನಿವಾರ ಮಕ್ಕಳಿಗೆ ನಿರ್ದೇಶಕ ಗ್ರಿಫಿತ್ ಅವರ 1913ರ ಮೂಕಿ ಚಿತ್ರ ‘ದಿ ಬ್ಯಾಟಲ್ ಅಟ್ ಎಲ್ಡರ್‌ಬುಷ್ ಗಲ್ಚ್’ ತೋರಿಸಿದೆ. ಅಮೆರಿಕದ ಗಡಿಸೀಮೆ. ವಲಸೆ ಬಂದವರ ಮನೆಯನ್ನು ಶತ್ರುಗಳು ಸುತ್ತುವರಿದಿದ್ದಾರೆ. ಒಬ್ಬ ಸವಾರ ಹೋಗಿ ಸುದ್ದಿ ಮುಟ್ಟಿಸುತ್ತಾನೆ, ಸೈನಿಕರು ಹೊರಡುತ್ತಾರೆ. ಇತ್ತ ಮನೆಯೊಳಗೆ ನಟಿ ಲಿಲಿಯನ್ ಗಿಶ್ ಮುದುಡಿ ಕೂತಿದ್ದಾಳೆ. ಅವಳ ತಲೆಯ ಹತ್ತಿರಕ್ಕೆ ಪಿಸ್ತೂಲು ಹಿಡಿದ ಒಂದು ಕೈ ಬರುತ್ತದೆ. ಬರೀ ಕೈ. ಹೊರಗಿನವರ ಕೈಗೆ ಸಿಗದಿರಲಿ ಅಂತ ಮನೆಯವರೇ ಹಿಡಿದ ಪಿಸ್ತೂಲು ಅದು. ನನಗೆ ಉಸಿರೇ ಕಟ್ಟಿತ್ತು. ಅಷ್ಟರಲ್ಲಿ ಕುದುರೆಗಳು ಕೀಲಿಕೊಟ್ಟ ಬೊಂಬೆಗಳ ಹಾಗೆ ಓಡಿಬಂದವು, ಮಕ್ಕಳೆಲ್ಲ ಗೊಳ್ಳೆಂದು ನಕ್ಕರು. ತುಂಬಾ ಬೇಜಾರಾಯಿತು. ಇದನ್ನು ಸರಿಮಾಡಬಹುದಾ?

ಹಳೇ ಆಪರೇಟರ್, ದಾವಣಗೆರೆ:
ಮಾಡಬಹುದು ಮೇಷ್ಟ್ರೇ. ಆಗ ಕ್ಯಾಮೆರಾವನ್ನು ಕೈಯಲ್ಲೇ ತಿರುಗಿಸುತ್ತಿದ್ದರು. ಸೆಕೆಂಡಿಗೆ 16 ಫ್ರೇಮ್, ಅಂದರೆ 16 ಬಿಡಿ ಚಿತ್ರ, ಕೆಲವೊಮ್ಮೆ 18. ಟಾಕಿ ಬಂದಮೇಲೆ 24 ಆಯಿತು. 35 ಎಂಎಂ ರೀಲಿನ ಒಂದು ಅಡಿಯಲ್ಲಿ 16 ಫ್ರೇಮ್ ಇರುತ್ತದೆ. 1000 ಅಡಿ ರೀಲು ಹಳೇ ಲೆಕ್ಕದಲ್ಲಿ ಸುಮಾರು 17 ನಿಮಿಷ ಓಡಬೇಕು, ನಮ್ಮ ಪ್ರೊಜೆಕ್ಟರಿನಲ್ಲಿ 11 ನಿಮಿಷಕ್ಕೇ ಮುಗಿಯುತ್ತದೆ. ನಿಮಗೆ ಸಿಕ್ಕಿರೋದು ಹಾಗೆ 24ರ ವೇಗದಲ್ಲಿ ಓಡಿಸಿದ ಕಾಪಿ. ಪ್ಲೇಯರಿನಲ್ಲಿ ವೇಗ 0.75ಕ್ಕೆ ಇಳಿಸಿ, ಕುದುರೆ ಕುದುರೆಯ ಹಾಗೇ ಓಡುತ್ತದೆ. ಇನ್ನೊಂದು ಮಾತು, ಮೂಕಿ ಅಂತ ಸುಮ್ನೆ ಮೌನವಾಗಿ ತೋರಿಸಬೇಡಿ. ಆ ಕಾಲದಲ್ಲಿ ಪರದೆಯ ಪಕ್ಕ ಪಿಯಾನೋ ನುಡಿಸುತ್ತಿದ್ದರು.

ಹೊಳಲ್ಕೆರೆ ಅಕ್ಕ:
‘ಶತ್ರುಗಳು’ ಅಂದಿರಲ್ಲ ಮೇಷ್ಟ್ರೇ, ಅವರು ಆ ನೆಲದ ಮೂಲ ನಿವಾಸಿಗಳು. ಅದೇ ಕತೆಯಲ್ಲಿ ಮೊದಲು ಗುಂಡು ತಗುಲಿ ಸಾಯೋದು ಅವರ ಮುಖಂಡನ ಮಗ. ಚಿತ್ರ ಅದನ್ನು ಬೇಗ ದಾಟಿಬಿಡುತ್ತದೆ. ಅಲ್ಲಿ ನಿಲ್ಲಿಸಿ ಮಾತಾಡಿ. ಓಬವ್ವನ ಕಿಂಡಿ ನೋಡಿ ಬೆಳೆದ ಮಕ್ಕಳಿಗೆ ಒಳಗಿದ್ದವರ ಕಷ್ಟ ತಾನಾಗೇ ಗೊತ್ತಾಗುತ್ತದೆ. ಹೊರಗಿದ್ದವರದ್ದನ್ನು ನೀವು ಹೇಳಬೇಕು.

ದುರ್ಗದ ಮೇಷ್ಟ್ರು:
ಅಕ್ಕ, ನಿಮ್ಮ ಮಾತು ನಿಜ. ಆ ಪದ ನನ್ನದೇ ತಪ್ಪು. ಮುಂದಿನ ಶನಿವಾರ ಮೊದಲು ಅದನ್ನೇ ಮಾತಾಡುತ್ತೇನೆ. ಆಪರೇಟರ್ ಸಾರ್, 0.75 ಹಾಕಿ ನೋಡಿದೆ. ಧೂಳು ಏಳುವುದೂ ಕಾಣುತ್ತದೆ! ಪಿಯಾನೋ ನಮ್ಮಲ್ಲಿಲ್ಲ. ಎಂಟನೇ ಕ್ಲಾಸಿನಲ್ಲಿ ಚೆನ್ನಾಗಿ ತಮಟೆ ಬಾರಿಸುವ ಹುಡುಗ ಒಬ್ಬ ಇದ್ದಾನೆ. ಕುದುರೆ ಬಂದಾಗ ಬಾರಿಸು, ಆ ಕೈ ಕಂಡ ತಕ್ಷಣ ನಿಲ್ಲಿಸು ಅಂತ ಹೇಳಿದ್ದೇನೆ.