ಅಪ್‌ಡೇಟ್: ಅಕ್ಕನ ಮಗನಿಗೆ ಜೈಲಾಗಲಿಲ್ಲ

ಮೊಬೈಲ್ ಕದ್ದು ಸಿಕ್ಕಿಬಿದ್ದ ಅಕ್ಕನ ಮಗನಿಗೆ (ವಯಸ್ಸು 20, ಮೊದಲ ಕೇಸು) ಜೈಲು ತಪ್ಪುತ್ತಾ ಎಂದು ಇಲ್ಲಿ ನಿಮ್ಮನ್ನೆಲ್ಲ ಕೇಳಿದ್ದೆ. ಮೊನ್ನೆ ತೀರ್ಪು ಬಂತು. ತಪ್ಪಿತು.

ಅವನೇ ತಪ್ಪೊಪ್ಪಿಕೊಂಡ. ಪ್ರೊಬೇಷನ್ ಅಂದರೆ ಜೈಲಿಗೆ ಹಾಕದೆ, ಸರಿಯಾಗಿ ನಡ್ಕೋಬೇಕು ಎಂಬ ಷರತ್ತಿನ ಮೇಲೆ ಬಿಡುವುದು. 1958ರ ಪ್ರೊಬೇಷನ್ ಕಾಯ್ದೆಯ 6ನೇ ಕಲಂ ನೀವು ಹೇಳಿದ ಹಾಗೇ ಇದೆ. 21 ತುಂಬದವರನ್ನು ಇಂಥ ಕೇಸಲ್ಲಿ ಸುಮ್ನೆ ಜೈಲಿಗೆ ಕಳಿಸುವ ಹಾಗಿಲ್ಲ. ಕಳಿಸುವುದಾದರೆ ಕಾರಣ ಬರೆಯಬೇಕು. ಅದಕ್ಕೂ ಮೊದಲು ಪ್ರೊಬೇಷನ್ ಆಫೀಸರ್ ವರದಿ ತರಿಸಿಕೊಳ್ಳಬೇಕು.

ಆ ಆಫೀಸರ್ ಮನೆಗೇ ಬಂದಿದ್ದರು. ಅಡುಗೆಮನೆ ಹೊಸ್ತಿಲ ಮೇಲೆ ಕೂತು ಅಕ್ಕನ ಹತ್ತಿರ ಒಂದು ಗಂಟೆ ಮಾತಾಡಿದರು. ಇವನು ಕಾಲೇಜು ಯಾಕೆ ಬಿಟ್ಟ, ಯಾರ ಜೊತೆ ಓಡಾಡ್ತಾನೆ, ಎಲ್ಲಾ ಕೇಳಿದರು. ಅವನು ತಲೆ ಎತ್ತಲೇ ಇಲ್ಲ. ಅಷ್ಟು ದಿನದಲ್ಲಿ ಯಾರೋ ಒಬ್ಬರು ಅವನನ್ನು ಮನುಷ್ಯ ಅಂತ ಮಾತಾಡಿಸಿದ್ದು ಅವತ್ತೇ.

ಈಗ ಒಂದು ವರ್ಷದ ಸನ್ನಡತೆಯ ಬಾಂಡು (ಒಳ್ಳೆಯ ರೀತಿ ಇರ್ತೇನೆ ಅಂತ ಬರೆದುಕೊಡುವ ಮುಚ್ಚಳಿಕೆ), ನಾನೇ ಜಾಮೀನು. ಕಾಯ್ದೆಯಲ್ಲಿ 3 ವರ್ಷದವರೆಗೂ ಹಾಕಬಹುದು. ಮೊಬೈಲ್ ಕಳೆದುಕೊಂಡವರಿಗೆ ಪರಿಹಾರವನ್ನೂ ಕಟ್ಟಿದೆವು, ಅದು ನ್ಯಾಯವೇ ಅಲ್ವಾ. ಬಾಂಡ್ ಮುರಿದರೆ ಮಾತ್ರ ಹಳೆಯ ತಪ್ಪಿಗೇ ಶಿಕ್ಷೆ ಕೊಡಬಹುದು.

ನಾವು ಜಾಸ್ತಿ ಹೆದರಿದ್ದು ಕೆಲಸದ ವಿಚಾರಕ್ಕೆ. ಪ್ರೊಬೇಷನ್ ಸಿಕ್ಕವರಿಗೆ ಅಪರಾಧ ಸಾಬೀತಾದ ಕಾರಣಕ್ಕೆ ಅನರ್ಹತೆ ತಟ್ಟುವುದಿಲ್ಲ ಎಂದು 12ನೇ ಕಲಂ ಹೇಳುತ್ತದೆ. ಆದರೆ ಕೆಲಸದ ಅರ್ಜಿಯಲ್ಲಿ ಕೇಸಿನ ಬಗ್ಗೆ ಕೇಳಿದರೆ ಮುಚ್ಚಿಡಬೇಡ ಎಂದು ವಕೀಲರು ಅವನಿಗೆ ಖಡಾಖಂಡಿತವಾಗಿ ಹೇಳಿದ್ದಾರೆ.

ಸೋಮವಾರದಿಂದ ಗ್ಯಾರೇಜಿಗೆ ಹೋಗ್ತಿದ್ದಾನೆ. ಉತ್ತರ ಕೊಟ್ಟ ಎಲ್ಲರಿಗೂ ಅಕ್ಕ ಕೈ ಮುಗಿದಿದ್ದಾಳೆ.