ಓದುಗರ ಸ್ಪಂದನ: ಒಂದು ಸಾಲು ಅಡಿಕೆ ಮರ

ಕಳೆದ ಸಂಚಿಕೆಯಲ್ಲಿ ಶಿರಸಿ ತಾಲೂಕಿನ ಓದುಗರೊಬ್ಬರು ತಮ್ಮ ಸಂಕಟ ಬರೆದಿದ್ದರು. ತಂದೆ ತೀರಿದ ಮೇಲೆ ಅಣ್ಣತಮ್ಮಂದಿರು ಬಾಯಿಮಾತಿನಲ್ಲೇ ಅಡಿಕೆ ತೋಟ ಹಂಚಿಕೊಂಡಿದ್ದಾರೆ. ಪಹಣಿ ಇನ್ನೂ ಜಂಟಿ. ಈ ಬೇಸಿಗೆಯಲ್ಲಿ ತಮ್ಮನು ಬೇಲಿಯನ್ನು ಒಂದು ಸಾಲು ಮರದಷ್ಟು ಈಚೆ ಹಾಕಿದ್ದಾನೆ. ತಾಯಿ ಅವನ ಮನೆಯಲ್ಲಿದ್ದಾರೆ. ಗಡಿ ಅಳೆದು ಗುರುತಿಸಿಕೊಡುವ ಹದ್ದುಬಸ್ತಿಗೆ ಅರ್ಜಿ ಕೊಡಲೇ, ದಾವೆಯನ್ನೇ ಹೂಡಲೇ ಎಂಬುದು ಪ್ರಶ್ನೆ. ಬಂದ ಉತ್ತರಗಳಲ್ಲಿ ಮೊದಲ ಪತ್ರ ಉದ್ದವಾಗಿದೆ, ಕತ್ತರಿಸಲು ಮನಸ್ಸಾಗಲಿಲ್ಲ.

*

ನಿಮ್ಮ ಪತ್ರ ಓದಿದ ರಾತ್ರಿ ನನಗೆ ನಿದ್ದೆ ಬರಲಿಲ್ಲ. ನಮ್ಮದು ಬೇಲಿಯಲ್ಲ, ಪಾಗಾರ. ಮೂರು ತೆಂಗಿನ ಮರ ಯಾರ ಕಡೆಗೆ ಎಂದು ಅಪ್ಪನಿಗೂ ಚಿಕ್ಕಪ್ಪನಿಗೂ ಬಂದ ಮಾತು ದಾವೆಯಾದಾಗ ನಾನು ಐದನೇ ತರಗತಿ. ಪ್ರಾಥಮಿಕ ಡಿಕ್ರಿ ಬರುವಾಗ ನನ್ನ ಮಗು ಅಂಬೆಗಾಲಿಡುತ್ತಿತ್ತು. ಡಿಕ್ರಿಯಾದರೆ ಮುಗಿಯಿತು ಎಂದುಕೊಂಡಿದ್ದೆವು. ಯಾರಿಗೆ ಎಷ್ಟನೇ ಪಾಲು ಎಂದಷ್ಟೇ ಅದು ಹೇಳುತ್ತದೆ. ನೆಲದ ಮೇಲೆ ಗೆರೆ ಬೀಳಲು ಮತ್ತೆ ಅಂತಿಮ ಡಿಕ್ರಿಯ ಅರ್ಜಿ, ಮತ್ತೆ ಅಳತೆ, ಮತ್ತೆ ತಕರಾರು, ಕೊನೆಗೆ ಹೈಕೋರ್ಟಿನ ಧಾರವಾಡ ಪೀಠ.

ಊರಿಗೆ ಬೆಳಿಗ್ಗೆ ಇದ್ದದ್ದು ಒಂದೇ ಬಸ್. ವಾದಿಯೂ ಪ್ರತಿವಾದಿಯೂ ಅದರಲ್ಲೇ ಹೋಗಬೇಕು. ಅಪ್ಪ ಚಾಲಕನ ಹಿಂದೆ, ಚಿಕ್ಕಪ್ಪ ಕೊನೆಯ ಸೀಟಿನಲ್ಲಿ. ಇಬ್ಬರ ತೊಡೆಯ ಮೇಲೂ ಒಂದೇ ಬಗೆಯ ಖಾಕಿ ಚೀಲ. ಅಜ್ಜ ಒಂದೇ ದಿನ ಕೊಡಿಸಿದ್ದು. ಒಮ್ಮೆ ಅಪ್ಪನಿಗೆ ದಾರಿಯಲ್ಲಿ ತಲೆ ಸುತ್ತಿತು. ಚಿಕ್ಕಪ್ಪ ಎದ್ದು ಬಂದು ನೀರಿನ ಬಾಟಲಿ ಹಿಡಿದು ನಿಂತರು. ಅಪ್ಪ ಕಿಟಕಿಯ ಕಡೆ ತಿರುಗಿದರು. ಕಾಲೇಜಿಗೆ ಹೊರಟ ನಾನು ಪಕ್ಕದಲ್ಲೇ ಕೂತಿದ್ದೆ. ಬಾಟಲಿ ನಾನಾದರೂ ಈಸಿಕೊಳ್ಳಬಹುದಿತ್ತು. ಈಸಿಕೊಳ್ಳಲಿಲ್ಲ.

ಅಪ್ಪ ಗೆದ್ದರು. ಆದೇಶದ ಪ್ರತಿ ಕೈಗೆ ಬರುವ ಮೊದಲೇ ತೀರಿಕೊಂಡರು. ಚಿಕ್ಕಪ್ಪ ನಮ್ಮ ಮನೆಗೆ ಬರಲಿಲ್ಲ. ತಮ್ಮ ಮನೆಯಲ್ಲೇ ಹತ್ತು ದಿನ ಸೂತಕ ಹಿಡಿದರು. ಮೂರು ಮರಗಳಲ್ಲಿ ಎರಡು ಈಗ ಸತ್ತಿವೆ. ನಿಮ್ಮ ತಾಯಿ ಇದ್ದಾರೆ. ತಮ್ಮನ ಮನೆಯ ಜಗುಲಿಯಲ್ಲಿ ಒಂದು ಸಂಜೆ ಕೂತು ಬನ್ನಿ. ಉಳಿದದ್ದು ಆಮೇಲೆ.

– ಹೊನ್ನಾವರ ಕಡೆಯ ಓದುಗಿ

*

ಮುಂದಿನ ಪತ್ರ ನಿವೃತ್ತ ಭೂಮಾಪಕರದು. ಪ್ರಶ್ನೆ ಕೇಳಿದವರು ಇದನ್ನು ಎರಡು ಸಲ ಓದಬೇಕೆಂದು ನಮ್ಮ ಕೋರಿಕೆ.

ಹದ್ದುಬಸ್ತಿಗೆ ಅರ್ಜಿ ಹಾಕಿ ಪ್ರಯೋಜನವಿಲ್ಲ. ಸರ್ವೆ ದಾಖಲೆಯಾದ ಟಿಪ್ಪಣಿಯಲ್ಲಿರುವ ಗಡಿಯನ್ನು ಭೂಮಾಪಕ ನೆಲದ ಮೇಲೆ ತೋರಿಸಬಲ್ಲ, ಇಲ್ಲದ ಗಡಿಯನ್ನಲ್ಲ. ನಿಮ್ಮದು ಒಂದೇ ಸರ್ವೆ ನಂಬರು, ಹಿಸ್ಸೆಯಾಗಿಲ್ಲ, ಅಂದರೆ ದಾಖಲೆಯಲ್ಲಿ ಭಾಗವಾಗಿಲ್ಲ. ಕಾಗದದ ಪ್ರಕಾರ ನಿಮ್ಮಿಬ್ಬರ ನಡುವೆ ಗಡಿಯೇ ಇಲ್ಲ. ಇದು ಬೇಲಿಯ ತಕರಾರಲ್ಲ, ವಾಟ್ನಿ (ಪಾಲು) ಆಗದೆ ಉಳಿದ ತಕರಾರು. ಒಪ್ಪಿಗೆಯಾದರೆ 11ಇ ನಕ್ಷೆ (ಪಾಲಾಗುವ ಭಾಗಗಳನ್ನು ಅಳೆದು ತೋರಿಸುವ ಸರ್ವೆ ನಕ್ಷೆ) ಮಾಡಿಸಿ, ಪಾಲುಪತ್ರ ನೋಂದಾಯಿಸಿ; ಹಿಸ್ಸೆ, ಪಹಣಿ ಬೇರೆಯಾಗುತ್ತವೆ. ಒಪ್ಪಿಗೆಯಾಗದಿದ್ದರೆ ಪಾಲಿನ ದಾವೆಯೊಂದೇ ದಾರಿ. ಅಳತೆಯ ದಿನ ಕತ್ತಿ ಹಿಡಿದು ಬಂದವರನ್ನು ಕಂಡಿದ್ದೇನೆ. ನೀವು ಸರಪಳಿಯ ಇನ್ನೊಂದು ತುದಿ ಹಿಡಿಯಲು ತಮ್ಮನನ್ನೇ ಕರೆಯಿರಿ.

– ಶಿರಸಿ

*

ನಿಮ್ಮ ಪತ್ರದಲ್ಲಿ ಅಕ್ಕ ಒಂದೇ ಸಲ ಬಂದಿದ್ದಾಳೆ, ಅದೂ ಮದುವೆಯ ಖರ್ಚಿನ ಲೆಕ್ಕದಲ್ಲಿ. ಅವಳ ಪಾಲು ಯಾವ ಬೇಲಿಯ ಒಳಗಿದೆ?

– ಅಂಕೋಲಾ

*

ಇದೇ ಪ್ರಶ್ನೆ ಇನ್ನೂ ಕೆಲವು ಪತ್ರಗಳಲ್ಲಿತ್ತು. ಎಲ್ಲವೂ ಹೆಣ್ಣುಮಕ್ಕಳು ಬರೆದವು. ಕಾರವಾರದ ವಕೀಲರೊಬ್ಬರು ಅದನ್ನೇ ಕಾನೂನಿನ ಮಾತಿನಲ್ಲಿ ಹೇಳುತ್ತಾರೆ.

ತೋಟ ಪಿತ್ರಾರ್ಜಿತವಾದರೆ ಹಿಂದೂ ಉತ್ತರಾಧಿಕಾರ ಕಾಯಿದೆಯ 2005ರ ತಿದ್ದುಪಡಿಯಂತೆ ಮಗಳು ಹುಟ್ಟಿನಿಂದಲೇ ಪಾಲುದಾರಳು. ಬಾಯಿಮಾತಿನ ಪಾಲನ್ನು ಸುಲಭಕ್ಕೆ ಒಪ್ಪಲಾಗದು ಎಂದು ಸುಪ್ರೀಂ ಕೋರ್ಟ್ 2020ರ ವಿನೀತಾ ಶರ್ಮಾ ತೀರ್ಪಿನಲ್ಲಿ ಹೇಳಿದೆ. ತಂದೆಯ ಸ್ವಯಾರ್ಜಿತವಾದರೂ ಅಕ್ಕ, ತಾಯಿ ಇಬ್ಬರೂ ವಾರಸುದಾರರೇ. ಅವರನ್ನು ಬಿಟ್ಟು ದಾವೆ ಹೂಡಿದರೆ ಮೊದಲ ಆಕ್ಷೇಪವೇ ಅದಾಗುತ್ತದೆ. ಹಾಗೆಂದು ನ್ಯಾಯಾಲಯಕ್ಕೆ ಹೆದರಬೇಡಿ. ತಮ್ಮನು ಮರ ಕಡಿಯಲು, ಜಾಗ ಮಾರಲು ಹೊರಟಿದ್ದರೆ ತಡೆಯಾಜ್ಞೆ ತರಲೇಬೇಕು. ಊರ ಹಿರಿಯರು ಸೇರಲಿ ಎಂದು ಕಾಯುತ್ತ ಕೂರಬೇಡಿ. ದಾವೆ ಹೂಡಿದ ಮೇಲೂ ಲೋಕ ಅದಾಲತ್‌ನಲ್ಲಿ ರಾಜಿಯಾಗಬಹುದು. ಆ ರಾಜಿ ಡಿಕ್ರಿಗೆ ಸಮ, ಅದರ ಮೇಲೆ ಮೇಲ್ಮನವಿ ಇಲ್ಲ, ಕಟ್ಟಿದ ನ್ಯಾಯಾಲಯ ಶುಲ್ಕ ಮರಳಿ ಸಿಗುತ್ತದೆ. 1987ರ ಕಾನೂನು ಸೇವೆಗಳ ಪ್ರಾಧಿಕಾರಗಳ ಕಾಯಿದೆಯಡಿ ಮಹಿಳೆಯರಿಗೆ, ಆದಾಯ ಎಷ್ಟೇ ಇರಲಿ, ಉಚಿತವಾಗಿ ವಕೀಲರನ್ನು ಕೊಡುತ್ತಾರೆ. ಅಕ್ಕನಿಗೆ ಇದನ್ನು ನೀವೇ ತಿಳಿಸಿ.

*

ಕೊನೆಯದು ಸಿದ್ದಾಪುರದ ಬೆಳೆಗಾರರ ಪತ್ರ.

ಬೇಲಿ ಇರಲಿ, ಕಾದಿಗೆಯ, ಅಂದರೆ ತೋಟದ ನೀರು ಹರಿದುಹೋಗುವ ಕಾಲುವೆಯ ಕತೆ ಏನು? ನಮ್ಮ ಪಾಲುಪತ್ರದಲ್ಲಿ ಮರ ಎಣಿಸಿ ಬರೆದರು, ನೀರು ಹೋಗುವ ದಾರಿ ಬರೆಯಲಿಲ್ಲ. ಒಂದು ಮಳೆಗಾಲ ಕೆಳಗಿನ ತೋಟದಲ್ಲಿ ಅಣ್ಣ ಕಾದಿಗೆ ಮುಚ್ಚಿದ. ನನ್ನ ಭಾಗದಲ್ಲಿ ನೀರು ನಿಂತು ಬೇರು ಕೊಳೆತು ಮರಗಳ ಸುಳಿಯೇ ಹಳದಿಯಾಯಿತು. ಕಾದಿಗೆ, ತೋಟಕ್ಕೆ ಇಳಿಯುವ ದಾರಿ, ಅಡಿಕೆ ಒಣಗಿಸುವ ಅಂಗಳ, ಗೊಬ್ಬರಗುಂಡಿ ಎಲ್ಲವನ್ನೂ ಬರೆಸಿ. ತೋಟದ ಗೊಬ್ಬರಕ್ಕೆ ಸೊಪ್ಪು ಕಡಿಯುವ ಸೊಪ್ಪಿನ ಬೆಟ್ಟವನ್ನಂತೂ ಮರೆಯಬೇಡಿ. ನೆಲ ಸರ್ಕಾರದ್ದಾದರೂ ಸೊಪ್ಪಿನ ಹಕ್ಕು ತೋಟಕ್ಕೆ ಸೇರಿದ್ದು. ಅಳತೆಯನ್ನು ಕೊಯ್ಲು ಮುಗಿದ ಮೇಲೆ ಇಟ್ಟುಕೊಳ್ಳಿ. ಈಗ ಕೊಳೆರೋಗಕ್ಕೆ ಔಷಧಿ ಹೊಡೆಯುವ ಹೊತ್ತು. ತಕರಾರಿನ ಆ ಸಾಲಿಗೂ ಹೊಡೆಸಿಬಿಡಿ, ಮರ ಯಾರದ್ದಾದರೂ ಆಗಲಿ.